ಗುತ್ತಿಗೆಯಲ್ಲಿ ನಷ್ಟ, ಆರೋಪದಿಂದ ಬಿಡುಗಡೆ

ಕೇರಳದ ಇಡುಕ್ಕಿ ಜಿಲ್ಲೆಯ ಪಳ್ಳಿವಾಸಲ್‌ನಲ್ಲಿ ಜಲವಿದ್ಯುತ್ ಉತ್ಪಾದನೆ ಶುರುವಾದದ್ದು 1940ರಲ್ಲಿ. ಅಲ್ಲಿನ ಮತ್ತು ಹತ್ತಿರದ ಚೆಂಗುಳಂ, ಪನ್ನಿಯಾರ್ ಸ್ಥಾವರಗಳ ಯಂತ್ರಗಳು ತೊಂಬತ್ತರ ದಶಕದ ಹೊತ್ತಿಗೆ ಹಳತಾಗಿದ್ದವು. ನವೀಕರಣದ ಕೆಲಸ ಕೆನಡಾದ ಎಸ್‌ಎನ್‌ಸಿ ಲಾವಲಿನ್ ಕಂಪನಿಗೆ ಹೋಯಿತು. ಜಾಗತಿಕ ಟೆಂಡರ್ ಕರೆಯಲಿಲ್ಲ. 1995ರಲ್ಲಿ ಕಾಂಗ್ರೆಸ್ ನೇತೃತ್ವದ ಸರ್ಕಾರವಿದ್ದಾಗ ಒಡಂಬಡಿಕೆಗೆ ಸಹಿ ಬಿತ್ತು. 1996ರ ಆರಂಭದಲ್ಲಿ ಸಲಹಾ ಒಪ್ಪಂದವಾಯಿತು. ಚುನಾವಣೆಯಲ್ಲಿ ಸರ್ಕಾರ ಬದಲಾಗಿ ಪಿಣರಾಯಿ ವಿಜಯನ್ ವಿದ್ಯುತ್ ಸಚಿವರಾಗಿದ್ದಾಗ, 1997ರಲ್ಲಿ, ಯಂತ್ರ ಪೂರೈಕೆಯ ಒಪ್ಪಂದ ನಡೆಯಿತು. ತಲಶ್ಶೇರಿಯ ಮಲಬಾರ್ ಕ್ಯಾನ್ಸರ್ ಆಸ್ಪತ್ರೆಗೆ ಸುಮಾರು 98 ಕೋಟಿ ರೂಪಾಯಿ ನೆರವು ಕೊಡಿಸುವ ಮಾತೂ ಇತ್ತು. ಅದು ಕಟ್ಟುಪಾಡಿನ ಕರಾರಾಗಲೇ ಇಲ್ಲ. ಬಂದದ್ದು ಸ್ವಲ್ಪ ಪಾಲು ಮಾತ್ರ.

ಖರ್ಚಾದ 374.50 ಕೋಟಿ ರೂಪಾಯಿಗೆ ತಕ್ಕ ಪ್ರಯೋಜನ ಸಿಗಲಿಲ್ಲ ಎಂದು ಮಹಾಲೇಖಪಾಲರು ಬರೆದರು. 2007ರಲ್ಲಿ ಹೈಕೋರ್ಟ್ ತನಿಖೆಯನ್ನು ಸಿಬಿಐಗೆ ಒಪ್ಪಿಸಿತು. 2009ರಲ್ಲಿ, ಸಚಿವ ಸಂಪುಟದ ಸಲಹೆಗೆ ವಿರುದ್ಧವಾಗಿ, ರಾಜ್ಯಪಾಲ ಆರ್.ಎಸ್. ಗವಾಯಿ ಪಿಣರಾಯಿ ಅವರ ವಿಚಾರಣೆಗೆ ಅನುಮತಿ ಕೊಟ್ಟರು. ಆದರೆ 2013ರ ನವೆಂಬರ್ 5ರಂದು ತಿರುವನಂತಪುರದ ಸಿಬಿಐ ವಿಶೇಷ ನ್ಯಾಯಾಲಯ ಅವರನ್ನೂ ಇತರರನ್ನೂ ಆರೋಪದಿಂದ ಬಿಡುಗಡೆ ಮಾಡಿತು. ಒಬ್ಬ ಸಾಕ್ಷಿಯೂ ಕಟಕಟೆ ಹತ್ತಿರಲಿಲ್ಲ.

ಸಾಕ್ಷಿ ಕೇಳದೆ ಪ್ರಕರಣ ಮುಗಿಸಬಹುದೇ? ಮುಗಿಸಬಹುದು. ವಿಚಾರಣೆಗೆ ಮೊದಲು ನ್ಯಾಯಾಧೀಶರು ತನಿಖಾ ಸಂಸ್ಥೆ ತಂದಿಟ್ಟ ಕಾಗದಗಳನ್ನೇ ಓದುತ್ತಾರೆ: ದೋಷಾರೋಪ ಪಟ್ಟಿ, ಕಡತದ ಟಿಪ್ಪಣಿಗಳು, ಸಾಕ್ಷಿಗಳು ಪೊಲೀಸರ ಮುಂದೆ ಕೊಟ್ಟ ಹೇಳಿಕೆಗಳು. ಆರೋಪಿ ತನ್ನ ಕಡೆಯ ದಾಖಲೆ ತಂದು ತೋರಿಸುವ ಹಂತ ಇದಲ್ಲ. ತನಿಖೆಯವರು ಹೇಳಿದ್ದೆಲ್ಲ ನಿಜವೆಂದೇ ಇಟ್ಟುಕೊಂಡರೂ ಅಪರಾಧ ಕಾಣುತ್ತದೆಯೇ ಎಂಬುದಷ್ಟೇ ಪ್ರಶ್ನೆ. ಬಲವಾದ ಶಂಕೆಯಿದ್ದರೆ ವಿಚಾರಣೆ ನಡೆಯಬೇಕು. ಬರೀ ಅನುಮಾನವಾದರೆ ಬಿಡಬೇಕು. ನ್ಯಾಯಾಧೀಶರು ತನಿಖೆಯವರ ಅಂಚೆಪೆಟ್ಟಿಗೆಯಾಗಬಾರದು ಎಂಬುದು ಪ್ರಫುಲ್ಲ ಕುಮಾರ್ ಸಾಮಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹಾಕಿಕೊಟ್ಟ ದಾರಿ.

ಇಂಥ ಬಿಡುಗಡೆ ವಿಚಾರಣೆಯ ಕೊನೆಯಲ್ಲಿ ಸಿಗುವ ಖುಲಾಸೆಯಲ್ಲ. ಮುಂದೆ ಹೊಸ ಸಾಕ್ಷ್ಯ ಸಿಕ್ಕರೆ ಆರೋಪಕ್ಕೆ ಮತ್ತೆ ಜೀವ ಬರಬಹುದು. ಹಾಗೆಯೇ, ಬಿಡುಗಡೆಯಾಯಿತೆಂದರೆ ಗುತ್ತಿಗೆ ಚೆನ್ನಾಗಿತ್ತು ಎಂದೂ ಅರ್ಥವಲ್ಲ. ನಮ್ಮ ರಾಜಕಾರಣದಲ್ಲಿ ಈ ಎರಡನ್ನೂ ಬೇಕೆಂದೇ ಕಲಸಿಬಿಡುತ್ತಾರೆ. ಆದರೆ ಬೊಕ್ಕಸಕ್ಕೆ ನಷ್ಟವಾದದ್ದು ಒಂದು ಸಂಗತಿ, ಆ ನಷ್ಟದಿಂದ ಯಾರೋ ಅಕ್ರಮ ಲಾಭ ಮಾಡಿಕೊಂಡದ್ದು ಇನ್ನೊಂದು. ಮೊದಲನೆಯದಕ್ಕೆ ಲೆಕ್ಕಪರಿಶೋಧನೆ, ವಿಧಾನಸಭೆ, ಇಲಾಖಾ ಕ್ರಮಗಳಿವೆ. ಜೈಲು ಎರಡನೆಯದಕ್ಕೆ.

ಕಾನೂನೇ ಈ ಗೆರೆಯನ್ನು ಬಹುಕಾಲ ಮಸುಕಾಗಿಟ್ಟಿತ್ತು. 1988ರ ಭ್ರಷ್ಟಾಚಾರ ತಡೆ ಕಾಯ್ದೆಯ ಒಂದು ಕಲಮಿನ ಪ್ರಕಾರ, ಸಾರ್ವಜನಿಕ ಹಿತವಿಲ್ಲದೆ ಅಧಿಕಾರಿ ಯಾರಿಗಾದರೂ ಹಣದ ಲಾಭ ದೊರಕಿಸಿಕೊಟ್ಟರೆ ಸಾಕು, ಲಂಚ ಮುಟ್ಟದಿದ್ದರೂ ಅಪರಾಧವೇ. ಕಲ್ಲಿದ್ದಲು ಇಲಾಖೆಯ ಮಾಜಿ ಕಾರ್ಯದರ್ಶಿ ಎಚ್.ಸಿ. ಗುಪ್ತಾ ಅವರಿಗೆ 2017ರಲ್ಲಿ ಶಿಕ್ಷೆಯಾದಾಗ ಅಧಿಕಾರಿ ವರ್ಗ ಬೆಚ್ಚಿತ್ತು. 2018ರ ತಿದ್ದುಪಡಿ ಆ ಕಲಮನ್ನು ತೆಗೆಯಿತು. ಅದು ಸರಿಯಾದ ಹೆಜ್ಜೆಯೆಂದೇ ನನ್ನ ನಂಬಿಕೆ. ಸಹಿ ಹಾಕಿದರೆ ಜೈಲು ಎಂಬ ಭಯ ಹೊಕ್ಕ ಕಚೇರಿಯಲ್ಲಿ ಕಡತ ಮೇಜಿನಿಂದ ಮೇಜಿಗೆ ತಿರುಗುತ್ತದೆ, ಕೆಲಸ ಆಗುವುದಿಲ್ಲ.

ಲಾವಲಿನ್ ಪ್ರಕರಣದಲ್ಲಿ ಸಿಬಿಐ ಹೈಕೋರ್ಟ್‌ಗೆ ಹೋಯಿತು. 2017ರ ಆಗಸ್ಟ್ 23ರಂದು ನ್ಯಾಯಮೂರ್ತಿ ಪಿ. ಉಬೈದ್, ಅಷ್ಟರಲ್ಲಿ ಮುಖ್ಯಮಂತ್ರಿಯಾಗಿದ್ದ ಪಿಣರಾಯಿ ಮತ್ತು ಇಂಧನ ಇಲಾಖೆಯ ಇಬ್ಬರು ಮಾಜಿ ಅಧಿಕಾರಿಗಳ ಬಿಡುಗಡೆಯನ್ನು ಎತ್ತಿಹಿಡಿದರು. ವಿದ್ಯುತ್ ಮಂಡಳಿಯ ಮೂವರು ಮಾಜಿ ಅಧಿಕಾರಿಗಳು ಮಾತ್ರ ವಿಚಾರಣೆ ಎದುರಿಸಬೇಕೆಂದರು. ಒಂದೇ ಗುತ್ತಿಗೆಯಾದರೂ ಯಾರ ಪಾತ್ರ ಎಷ್ಟು ಎಂದು ಒಬ್ಬೊಬ್ಬರದನ್ನೂ ಬೇರೆಬೇರೆಯಾಗಿ ತೂಗಬೇಕು ಎನ್ನುವುದಕ್ಕೆ ಈ ತೀರ್ಪು ಒಳ್ಳೆಯ ಉದಾಹರಣೆ. ಆಮೇಲೆ ಎರಡೂ ಕಡೆಯವರು ಸುಪ್ರೀಂ ಕೋರ್ಟ್ ಹತ್ತಿದರು. 2018ರ ಜನವರಿಯಲ್ಲಿ ಆ ಮೂವರ ವಿಚಾರಣೆಗೂ ತಡೆ ಬಂತು. ಅಲ್ಲಿಂದ ಮುಂದೆ ಮೇಲ್ಮನವಿಗಳು ಮತ್ತೆ ಮತ್ತೆ ಮುಂದೂಡಲ್ಪಟ್ಟವು.

2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಬಿಡುಗಡೆ ಕೋರುವ ಅರ್ಜಿಗೆ 60 ದಿನಗಳ ಗಡುವು ಹಾಕಿದೆ. ಬಿಡುಗಡೆಯ ಆದೇಶದ ಮೇಲೆ ಹೈಕೋರ್ಟ್, ಸುಪ್ರೀಂ ಕೋರ್ಟ್‌ಗಳಲ್ಲಿ ನಡೆಯುವ ಜಗ್ಗಾಟಕ್ಕೂ ಅಂಥದೊಂದು ಗಡುವು ಬೇಕು.