ಮೂರು ದಿನದ ಗಡುವು ಕೊಟ್ಟ ಚಂದ್ರ

ಕ್ಲಾಕ್ ಟೌನ್ ಎಂಬ ಊರಿನಲ್ಲಿ ತಲೆಯೆತ್ತಿದರೆ ಹಾಡಹಗಲಲ್ಲೇ ಚಂದ್ರ ಕಾಣುತ್ತಾನೆ. ಅವನಿಗೊಂದು ಮುಖವಿದೆ. ಕೆಂಡದಂಥ ಕಣ್ಣು, ಕಿರಿದ ಹಲ್ಲು. ಮೊದಲ ದಿನ ಎತ್ತರದಲ್ಲಿದ್ದವನು ಮೂರನೆಯ ರಾತ್ರಿಯ ಹೊತ್ತಿಗೆ ಗಡಿಯಾರ ಗೋಪುರದ ನೆತ್ತಿಗೆ ತಾಗುವಷ್ಟು ಕೆಳಗಿಳಿದಿರುತ್ತಾನೆ. 72 ಗಂಟೆ ತುಂಬಿತೋ, ಬಿದ್ದೇ ಬಿಡುತ್ತಾನೆ. ಊರಿನ ವಾರ್ಷಿಕ ಜಾತ್ರೆಯ ದಿನವೇ ಊರಿನ ಕೊನೆಯ ದಿನ.

ಇದು 'ದಿ ಲೆಜೆಂಡ್ ಆಫ್ ಜೆಲ್ಡಾ: ಮಜೋರಾಸ್ ಮಾಸ್ಕ್' ಎಂಬ ವಿಡಿಯೊ ಗೇಮಿನ ಲೋಕ. ಜಪಾನಿನ ನಿಂಟೆಂಡೊ ಕಂಪನಿ 2000ದ ಏಪ್ರಿಲ್‌ನಲ್ಲಿ ಹೊರತಂದದ್ದು. ಅದು ಹುಟ್ಟಿದ್ದೂ ಗಡುವಿನ ಒತ್ತಡದಲ್ಲೇ. 1998ರ 'ಒಕರಿನಾ ಆಫ್ ಟೈಮ್' ಭಾರಿ ಯಶಸ್ಸು ಕಂಡಿತ್ತು. ಅದನ್ನೇ ಕೊಂಚ ಬದಲಿಸಿ ಮತ್ತೊಂದು ರೂಪ ಕೊಡುವ ಕೆಲಸ ಕಂಪನಿಯ ವಿನ್ಯಾಸಕ ಐಜಿ ಅವೊನುಮಾ ಅವರ ಪಾಲಿಗೆ ಬಂದಾಗ ಅವರಿಗೆ ಮನಸ್ಸಾಗಲಿಲ್ಲ. ಹೊಸದನ್ನೇ ಮಾಡುತ್ತೇನೆ ಎಂದರು. ನಿರ್ಮಾಪಕ ಶಿಗೆರು ಮಿಯಾಮೊಟೊ ಒಪ್ಪಿದರು, ಆದರೆ ಒಂದೇ ವರ್ಷದಲ್ಲಿ ಮುಗಿಸಬೇಕು ಎಂದರು. ಅದೇ ಹೊತ್ತಿಗೆ ಅವರ ಸಹೋದ್ಯೋಗಿ ಯೋಶಿಯಾಕಿ ಕೊಯಿಜುಮಿ, ಕೆಲವೇ ದಿನಗಳಲ್ಲಿ ನಡೆದು ಮುಗಿಯುವ, ಮತ್ತೆ ಮತ್ತೆ ಆಡಬಹುದಾದ ಬೇರೊಂದು ಆಟದ ಯೋಚನೆಯಲ್ಲಿದ್ದರು. ಎರಡೂ ಕೂಡಿದವು. ಬೀಳುವ ಚಂದ್ರನ ಕಲ್ಪನೆ ಕೊಯಿಜುಮಿಯವರದು. ಮೊದಲು ಏಳು ದಿನ ಎಂದುಕೊಂಡಿದ್ದದ್ದು ಕೊನೆಗೆ ಮೂರಕ್ಕಿಳಿಯಿತು. ಒಳ್ಳೆಯದೇ ಆಯಿತು. ವಾರವಿಡೀ ಯಾರು ಯಾವ ಗಳಿಗೆಯಲ್ಲಿ ಎಲ್ಲಿರುತ್ತಾರೆಂದು ಆಡುವವರು ನೆನಪಿಟ್ಟುಕೊಳ್ಳುವುದಾದರೂ ಹೇಗೆ?

ನೆನಪಿಡಬೇಕಾದ್ದು ಅದನ್ನೇ. ಆಟದ ನಾಯಕ ಲಿಂಕ್ ಎಂಬ ಹುಡುಗ. ಅವನ ಬಳಿ ಒಕರಿನಾ ಎಂಬ ಪುಟ್ಟ ಊದುವ ವಾದ್ಯವಿದೆ. ಅದರಲ್ಲಿ ಕಾಲದ ರಾಗ ನುಡಿಸಿದರೆ ಮೊದಲ ದಿನದ ಬೆಳಿಗ್ಗೆ ಆರಕ್ಕೆ ಮರಳುತ್ತಾನೆ. ಅದೇ ರಾಗವನ್ನು ಹಿಂದುಮುಂದಾಗಿ ನುಡಿಸಿದರೆ ಗಡಿಯಾರ ಮಂದಗತಿಗೆ ಬರುತ್ತದೆ. ಒಂದೊಂದು ಸ್ವರವನ್ನೂ ಎರಡೆರಡು ಸಲ ನುಡಿಸಿದರೆ ಕಾಲ ಮುಂದಕ್ಕೆ ಜಿಗಿಯುತ್ತದೆ. ಹೀಗೆ ಕಾಲ ಅವನ ಬೆರಳ ತುದಿಯಲ್ಲಿದೆ. ಇಲ್ಲದೇ ಇರುವುದು ಒಂದೇ, ನಾಲ್ಕನೆಯ ದಿನದ ಬೆಳಗು. ಅದನ್ನು ಚಂದ್ರ ತಡೆದು ನಿಂತಿದ್ದಾನೆ.

ಊರಿನ ಜನರಿಗೆ ಲಿಂಕ್‌ನ ಸೌಲಭ್ಯವಿಲ್ಲ. ಬಡಗಿಗಳ ಮೇಸ್ತ್ರಿ, ಚಂದ್ರನೂ ಇಲ್ಲ ಗಿಂದ್ರನೂ ಇಲ್ಲ, ಜಾತ್ರೆ ನಡೆಯಲೇಬೇಕು ಎಂದು ಗೋಪುರ ಕಟ್ಟಿಸುತ್ತಿರುತ್ತಾನೆ. ಕಾವಲುಪಡೆಯ ಮುಖ್ಯಸ್ಥ, ಊರು ಖಾಲಿ ಮಾಡಿಸಿ ಎನ್ನುತ್ತಾನೆ. ಇಬ್ಬರ ನಡುವೆ ಕೂತ ಮೇಯರ್ ಅತ್ತಲೂ ಇಲ್ಲ, ಇತ್ತಲೂ ಇಲ್ಲ. ನಮ್ಮ ಯಾವ ಪುರಸಭೆಯ ಸಭೆಗೆ ಹೋದರೂ ಈ ಮೂವರನ್ನು ನೋಡಬಹುದು. ಚಂದ್ರನನ್ನೇ ಕತ್ತರಿಸಿಹಾಕುತ್ತೇನೆ ಎಂದು ಬಡಾಯಿ ಕೊಚ್ಚುತ್ತಿದ್ದ ಕತ್ತಿವರಸೆಯ ಗುರು ಕೊನೆಯ ರಾತ್ರಿ ಒಳಕೋಣೆಯಲ್ಲಿ ಮುದುಡಿ ಕೂತಿರುತ್ತಾನೆ. ಅಂಚೆಯವನಿಗೂ ಓಡಿಹೋಗುವ ಆಸೆ. ಆದರೆ ಅದು ಅವನ ವೇಳಾಪಟ್ಟಿಯಲ್ಲಿ ಇಲ್ಲ!

ಊರಾಚೆಯ ಹಾಲಿನ ತೋಟದಲ್ಲಿ ಅಕ್ಕ ತಂಗಿಯರಿಬ್ಬರಿದ್ದಾರೆ. ಅಲ್ಲಿನ ವಿಶೇಷ ಹಾಲೊಂದು ದೊಡ್ಡವರಿಗಷ್ಟೇ, ಮಕ್ಕಳಿಗೆ ಕೊಡುವುದಿಲ್ಲ. ಕೊನೆಯ ಸಂಜೆ ಅಕ್ಕ ತಾನಾಗಿ, ನೀನೀಗ ದೊಡ್ಡವಳಾದೆ, ಕುಡಿ ಎನ್ನುತ್ತಾಳೆ. ರಾತ್ರಿ ನನ್ನ ಹಾಸಿಗೆಯಲ್ಲೇ ಮಲಗು ಎನ್ನುತ್ತಾಳೆ. ತಂಗಿಗೆ ಸಂಭ್ರಮ. ಅಕ್ಕ ಯಾಕೆ ಹೀಗೆ ಹೇಳಿದಳೆಂದು ಆಟ ಎಲ್ಲೂ ವಿವರಿಸುವುದಿಲ್ಲ. ಮಕ್ಕಳ ಆಟವೆಂದು ಮಾರಿದ ಸರಕಿನಲ್ಲಿ ಇಂಥ ಸಂಜೆಯನ್ನು ಬರೆಯುವ ಧೈರ್ಯ ಅಂದಿಗೂ ದೊಡ್ಡದು, ಇಂದಿಗೂ ದೊಡ್ಡದು.

ಆನ್ಜು ಮತ್ತು ಕಾಫೈ ಮದುವೆ ನಿಶ್ಚಯವಾದ ಜೋಡಿ. ಶಾಪದಿಂದ ಮಗುವಿನ ರೂಪ ತಾಳಿದ ಕಾಫೈ ಅಡಗಿಕೊಂಡಿದ್ದಾನೆ, ಆನ್ಜು ತನ್ನ ವಸತಿಗೃಹದಲ್ಲಿ ಕಾಯುತ್ತಿದ್ದಾಳೆ. ಇವರನ್ನು ಸೇರಿಸಲು ಮೂರು ದಿನವೂ ಪತ್ರ ಸಾಗಿಸುತ್ತ, ಗಳಿಗೆ ಲೆಕ್ಕ ಹಾಕುತ್ತ ಓಡಾಡಬೇಕು. ಕೊನೆಗೆ ಚಂದ್ರ ಬೀಳಲು ಇನ್ನೇನು ಒಂದೂವರೆ ಗಂಟೆ ಇದೆ ಎನ್ನುವಾಗ ಅವನು ಬರುತ್ತಾನೆ. ಇಬ್ಬರೂ ಅಲ್ಲೇ ಉಳಿಯುತ್ತಾರೆ. ಜೀವ ಉಳಿಸಿಕೊಳ್ಳಬೇಕಾದ ಲಿಂಕ್ ಒಕರಿನಾ ಊದುತ್ತಾನೆ. ಮತ್ತೆ ಮೊದಲ ಬೆಳಗು. ಆನ್ಜು ಮತ್ತೆ ಕಾಯುತ್ತಿದ್ದಾಳೆ. ಅವಳ ಪಾಲಿಗೆ ಏನೂ ನಡೆದಿಲ್ಲ.

ಈ ಚಂದ್ರ ಕಾಲವನ್ನು ಎಲ್ಲರಿಗೂ ಸಮವಾಗಿ ತಿರುಚುವುದಿಲ್ಲ. ತಿರುಗಿ ಹೋಗಬಲ್ಲವನಿಗೆ ನೆನಪು ಉಳಿಯುತ್ತದೆ, ಅನುಭವ ಸೇರುತ್ತದೆ. ಉಳಿದವರು ಮಾಡಿದ್ದೆಲ್ಲ ಅಳಿಸಿಹೋಗುತ್ತದೆ. ಕಾಲಯಾನದ ಕಥೆಗಳು ಸಾಮಾನ್ಯವಾಗಿ ತಪ್ಪು ತಿದ್ದುವ ಸುಖವನ್ನು ಹೇಳುತ್ತವೆ. ಇಲ್ಲಿ ಒಬ್ಬನ ತಪ್ಪು ತಿದ್ದಲು ಹಿಂದೆ ಹೋದರೆ ಇನ್ನೊಬ್ಬರಿಗೆ ಮಾಡಿದ ಉಪಕಾರವೂ ಅಳಿಯುತ್ತದೆ. ಒಂದು ಅಪವಾದವಿದೆ: ಬ್ಯಾಂಕು. ಗುಮಾಸ್ತ ಕೈಮೇಲೆ ಒತ್ತಿದ ಮುದ್ರೆ ಕಾಲ ಹಿಂದೆ ಸರಿದರೂ ಮಾಸುವುದಿಲ್ಲ, ಠೇವಣಿ ಭದ್ರ. ಪ್ರಳಯದಲ್ಲೂ ಖಾತೆಯ ಲೆಕ್ಕ ತಪ್ಪುವುದಿಲ್ಲವೆಂಬುದು ತಮಾಷೆಯೋ ವ್ಯಂಗ್ಯವೋ, ಹೇಳುವುದು ಕಷ್ಟ.

ಚಂದ್ರನಿಗೂ ಕಾಲಕ್ಕೂ ಗಂಟು ಹಾಕುವುದು ನಮಗೇನೂ ಹೊಸದಲ್ಲ. ನಮ್ಮ ಒಂದು ತಿಂಗಳು ಪಿತೃಗಳಿಗೆ ಒಂದು ಹಗಲಿರುಳು ಎನ್ನುತ್ತದೆ ಶಾಸ್ತ್ರ. ಪಿತೃಗಳು ಚಂದ್ರನ ಮೇಲ್ಭಾಗದಲ್ಲಿ ವಾಸಿಸುತ್ತಾರೆ, ಅಮಾವಾಸ್ಯೆಯಂದು ಸೂರ್ಯ ಅವರ ನೆತ್ತಿಗೆ ಬರುವುದರಿಂದ ಅದೇ ಅವರ ನಡುಹಗಲು ಎಂದು ಸಿದ್ಧಾಂತ ಗ್ರಂಥಗಳು ಬಿಡಿಸಿ ಹೇಳಿದವು. ತರ್ಪಣಕ್ಕೆ ಅಮಾವಾಸ್ಯೆಯೇ ಏಕೆ ಎಂಬುದಕ್ಕೆ ಇದೂ ಒಂದು ಉತ್ತರ. ಪಿತೃಗಳ ಮಾತು ನಂಬಿಕೆಗೆ ಬಿಟ್ಟದ್ದು, ಲೆಕ್ಕ ಮಾತ್ರ ಸರಿ: ನಮಗೆ ಕಾಣದ ಆ ಮಗ್ಗುಲಿನ ನಡುವೆ ಅಮಾವಾಸ್ಯೆಯಂದು ನಿಜಕ್ಕೂ ಮಧ್ಯಾಹ್ನ.

ಇಂದಿನ ವಿಜ್ಞಾನವೂ ಸುಮ್ಮನಿಲ್ಲ. ಗುರುತ್ವ ಕಡಿಮೆ ಇರುವ ಚಂದ್ರನ ಮೇಲೆ ಗಡಿಯಾರ ಭೂಮಿಗಿಂತ ದಿನಕ್ಕೆ ಸುಮಾರು 56 ಮೈಕ್ರೊಸೆಕೆಂಡು ಬೇಗ ಓಡುತ್ತದೆ. ಅದಕ್ಕಾಗಿ ಚಂದ್ರನಿಗೇ ಒಂದು ಪ್ರಮಾಣ ಸಮಯ ರೂಪಿಸಬೇಕೆಂದು ಅಮೆರಿಕ ಸರ್ಕಾರ 2024ರಲ್ಲಿ ನಾಸಾಗೆ ಸೂಚಿಸಿತು. ಉಬ್ಬರವಿಳಿತದ ಎಳೆತದಿಂದ ನಮ್ಮ ಹಗಲಿರುಳು ಶತಮಾನಕ್ಕೆ ಸುಮಾರು ಎರಡು ಮಿಲಿಸೆಕೆಂಡು ಹಿಗ್ಗುತ್ತದೆ. ಚಂದ್ರನೋ ವರ್ಷಕ್ಕೆ 3.8 ಸೆಂಟಿಮೀಟರ್ ದೂರ ಸರಿಯುತ್ತಾನೆ. ನಮ್ಮವನು ಬೀಳುವವನಲ್ಲ, ಬಿಟ್ಟುಹೋಗುವವನು.

ಆಟದಲ್ಲಿ ಕೊರತೆಗಳಿಲ್ಲವೆಂದಲ್ಲ. ಕಷ್ಟಪಟ್ಟು ಒಂದು ಗುಹಾಲಯದ ಮುಕ್ಕಾಲು ದಾಟಿದಾಗ ಗಂಟೆ ಬಾರಿಸಿ ಎಲ್ಲವೂ ಮೊದಲಿಗೆ ಬಂದರೆ ಸಿಟ್ಟು ಬರದೇ ಇರದು. ಹೆಸರು ಹೊತ್ತ ಖಳ ಮಜೋರಾ ನನಗೆ ಅಷ್ಟೇನೂ ಹೆದರಿಕೆ ಹುಟ್ಟಿಸಲಿಲ್ಲ. ಅಂಚೆಯವನ ಸಂಕಟದ ಮುಂದೆ ಅವನು ಸಪ್ಪೆ.

2015ರಲ್ಲಿ ನಿಂಟೆಂಡೊ 3ಡಿಎಸ್‌ಗೆ ಇದರ ಹೊಸ ರೂಪ ಬಂದಿದೆ. ಮೂಲ ಆಟ ನಿಂಟೆಂಡೊ ಸ್ವಿಚ್‌ನ ಚಂದಾ ಸೇವೆಯಲ್ಲೂ ಇದೆ. ಆಡುವುದಾದರೆ ಒಂದು ಮಾತು: ಒಕರಿನಾ ಕೈಗೆ ಬಂದ ಮೇಲಿನ ಮೊದಲ ಸುತ್ತಿನಲ್ಲಿ ಯಾವ ಗುಹೆಗೂ ನುಗ್ಗಬೇಡಿ, ಯಾರನ್ನೂ ಉಳಿಸಲು ಹೋಗಬೇಡಿ. ರಾಗವನ್ನು ಹಿಂದುಮುಂದಾಗಿ ನುಡಿಸಿ ಕಾಲವನ್ನು ನಿಧಾನಿಸಿ, ಬೆಳಗಿನಿಂದ ಸಂಜೆಯವರೆಗೆ ಆ ಅಂಚೆಯವನ ಹಿಂದೆ ಊರು ಸುತ್ತಿ ಬನ್ನಿ.