ಕೇಳುಗರಿಲ್ಲದ ಕಛೇರಿ

ನಮ್ಮ ಭಾಷೆಯಲ್ಲಿ ಸಂಗೀತಗಾರ ನಡೆಸುವುದೂ ಕಛೇರಿಯೇ, ಗುಮಾಸ್ತ ಹೋಗುವುದೂ ಕಛೇರಿಗೇ. ಮೂರು ದಶಕಗಳಿಗೂ ಹೆಚ್ಚು ಕಾಲ ಎರಡನೆಯ ಬಗೆಯ ಕಛೇರಿಯಲ್ಲಿ ಕಳೆದು ನಿವೃತ್ತನಾದ ನನಗೆ ಇವೆರಡರ ನಡುವಣ ಸಾಮ್ಯ ತಡವಾಗಿ ಹೊಳೆಯಿತು. ಎರಡರಲ್ಲಿಯೂ ಎದುರಿಗೆ ಯಾರಾದರೊಬ್ಬರು ಇರಲೇಬೇಕು. ಸೇವಾವಧಿಯಲ್ಲಿ ನಾನು ಬರೆದ ಪ್ರತಿಯೊಂದು ಟಿಪ್ಪಣಿಯೂ ಮೇಲಿನವರು ಓದಿ ಸಹಿ ಹಾಕಲೆಂದು ಬರೆದದ್ದು. ನಿವೃತ್ತಿಯ ನಂತರದ ಮೊದಲ ಮಳೆಗಾಲದಲ್ಲಿ, ಕಾಲೇಜು ದಿನಗಳ ಪಿಟೀಲನ್ನು ಹೊರತೆಗೆದು, ಹೊಸ ತಂತಿ ಹಾಕಿಸಿ, ಶ್ರುತಿ ಮಾಡಿಕೊಂಡು ಕುಳಿತರೆ ಕೈ ಓಡಲಿಲ್ಲ. ಅಭ್ಯಾಸ ತಪ್ಪಿದ್ದು ನಿಜ. ಆದರೆ ಕೇಳುವವರು, ಮೆಚ್ಚುವವರು, ಕಡೆಗೆ ತಿದ್ದುವವರಾದರೂ ಇಲ್ಲದೆ ಒಂದು ಕೆಲಸವನ್ನು ಮಾಡುವುದು ಹೇಗೆಂಬುದೇ ನನಗೆ ಮರೆತುಹೋಗಿತ್ತು.

ಆ ದಿನಗಳಲ್ಲಿ, ಮಗಳು ಮನೆಯಲ್ಲಿ ಬಿಟ್ಟುಹೋಗಿದ್ದ ಸಿ.ಡಿ.ಗಳ ರಾಶಿಯಲ್ಲಿ ಕೈಗೆ ಸಿಕ್ಕಿದ್ದು ಅಮೆರಿಕದ ಜಾಝ್ ಗಿಟಾರ್ ವಾದಕ ಪ್ಯಾಟ್ ಮೆಥೆನಿಯವರ ‘ಒನ್ ಕ್ವಯಟ್ ನೈಟ್’. 2003ರಲ್ಲಿ ಹೊರಬಂದ ಈ ಆಲ್ಬಮ್‌ನಲ್ಲಿ ಡ್ರಮ್ ಇಲ್ಲ, ಬಾಸ್ ಇಲ್ಲ, ಪಿಯಾನೊ ಇಲ್ಲ. ಇರುವುದು ಒಂದು ಅಕೌಸ್ಟಿಕ್ ಗಿಟಾರ್ ಮಾತ್ರ. 2001ರ ನವೆಂಬರ್ 24ರ ರಾತ್ರಿ ಮೆಥೆನಿ ತಮ್ಮ ಮನೆಯಲ್ಲಿ ಒಂದೇ ಮೈಕ್ರೊಫೋನ್ ಇಟ್ಟುಕೊಂಡು, ಪ್ರಕಟಿಸುವ ಉದ್ದೇಶವಿಲ್ಲದೆ ನುಡಿಸುತ್ತಾ ಹೋದದ್ದು ಇದರ ಬಹುಭಾಗ. ಸೆಪ್ಟೆಂಬರ್ 11ರ ದುರಂತ ನಡೆದು ಆಗ ಎರಡೂವರೆ ತಿಂಗಳಾಗಿತ್ತು. ಆ ದಿನಾಂಕಕ್ಕೆ ನಾನು ಯಾವ ಅರ್ಥವನ್ನೂ ಹಚ್ಚುತ್ತಿಲ್ಲ. ಆದರೆ ಓದಿದ ಮೇಲೆ ಮರೆಯಲೂ ಆಗುವುದಿಲ್ಲ.

ಮೆಥೆನಿ ಏಕಾಂತದ ವಾದಕರೆಂದು ಹೆಸರಾದವರಲ್ಲ. 1954ರಲ್ಲಿ ಹುಟ್ಟಿ, ಮಿಸೌರಿ ರಾಜ್ಯದ ಸಣ್ಣ ಊರೊಂದರಲ್ಲಿ ಬೆಳೆದ ಅವರು ಪಿಯಾನೊ ವಾದಕ ಲೈಲ್ ಮೇಸ್ ಜೊತೆ ಕಟ್ಟಿದ ತಂಡದ ಸಂಗೀತ ವಿಸ್ತಾರವಾದದ್ದು, ವಿದ್ಯುತ್ ವಾದ್ಯಗಳಿಂದ ತುಂಬಿದ್ದು. ನಲವತ್ತೆರಡು ತಂತಿಗಳ ಗಿಟಾರನ್ನು ಮಾಡಿಸಿಕೊಂಡ ಮನುಷ್ಯ ಇವರು! ಅದನ್ನು ತಯಾರಿಸಿದ ಕೆನಡಾದ ಲಿಂಡಾ ಮ್ಯಾಂಜರ್ ಅವರೇ ಈ ಆಲ್ಬಮ್ಮಿನ ವಾದ್ಯವನ್ನೂ ತಯಾರಿಸಿದರು. ಇದು ಬ್ಯಾರಿಟೋನ್ ಗಿಟಾರ್. ಸಾಮಾನ್ಯ ಗಿಟಾರಿಗಿಂತ ದೊಡ್ಡದು, ಶ್ರುತಿ ಐದು ಸ್ವರ ಕೆಳಗೆ.

ಇದರ ಶ್ರುತಿಕ್ರಮದ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕು. ಯಾವ ಗಿಟಾರಿನಲ್ಲಿಯಾದರೂ ದಪ್ಪ ತಂತಿಯಿಂದ ತೆಳು ತಂತಿಯ ಕಡೆಗೆ ಮೆಟ್ಟಿಲೇರಿದಂತೆ ಸ್ವರ ಏರುತ್ತದೆ. ಮೆಥೆನಿ ಇಲ್ಲಿ ನಡುವಿನ ಎರಡು ತಂತಿಗಳನ್ನು ತೆಗೆದು, ಅವುಗಳ ಜಾಗದಲ್ಲಿ ಒಂದು ಸ್ಥಾಯಿ ಮೇಲಿನ ಸ್ವರ ಕೊಡುವ ತೆಳು ತಂತಿಗಳನ್ನು ಹಾಕಿದ್ದಾರೆ. ಹುಡುಗನಾಗಿದ್ದಾಗ ನೆರೆಯವರೊಬ್ಬರಿಂದ ತಿಳಿದ ಉಪಾಯವಂತೆ ಇದು. ಇದರಿಂದ ಎಲ್ಲಕ್ಕಿಂತ ಎತ್ತರದ ಸ್ವರ ಅಂಚಿನಲ್ಲಿರದೆ ನಡುವಿನಲ್ಲಿರುತ್ತದೆ. ಅಕ್ಕಪಕ್ಕದ ತಂತಿಗಳ ಮೇಲೆ ಬೆರಳು ಜಾರಿದರೆ ರಾಗ ಮಂದ್ರದಿಂದ ಒಮ್ಮೆಗೇ ಮೇಲಕ್ಕೆ ನೆಗೆದು, ಮತ್ತೆ ಕೆಳಗಿಳಿಯುತ್ತದೆ. ಕೇಳುವವರಿಗೆ ಇಬ್ಬರೋ ಮೂವರೋ ಒಟ್ಟಿಗೆ ನುಡಿಸುತ್ತಿದ್ದಾರೆಂಬ ಭಾಸ. ಅಷ್ಟೇ ಮುಖ್ಯವಾದ ಇನ್ನೊಂದು ಪರಿಣಾಮ ವಾದಕನ ಮೇಲೆ ಆಗುವಂಥದ್ದು. ದಶಕಗಳಿಂದ ಬೆರಳಿಗೆ ಕುಳಿತ ದಾರಿಗಳು ಈ ವಾದ್ಯದಲ್ಲಿ ಬೇರೆಲ್ಲಿಗೋ ಕರೆದೊಯ್ಯುತ್ತವೆ. ತನ್ನ ಕೈ ಏನು ಮಾಡಿತೆಂಬುದನ್ನು ಆತನೂ ಹೊಸದಾಗಿ ಕೇಳಿಸಿಕೊಳ್ಳಬೇಕು. ಹೀಗೆ ಆ ರಾತ್ರಿ ಆ ಕೋಣೆಯಲ್ಲಿ ಒಬ್ಬ ಕೇಳುಗ ಹುಟ್ಟಿಕೊಂಡಿರಬೇಕೆಂದು ನನಗನ್ನಿಸುತ್ತದೆ.

ಬೆಳಗಿನ ಆಕಾಶವಾಣಿಯಲ್ಲಿ ದೊರೆಸ್ವಾಮಿ ಅಯ್ಯಂಗಾರ್ಯರ ವೀಣೆಯನ್ನು ಕೇಳಿ ಬೆಳೆದ ಕಿವಿಗೆ ಮೃದಂಗವಿಲ್ಲದ ಒಂಟಿ ತಂತಿವಾದ್ಯ ಹೊಸದಲ್ಲ. ತಾನದ ಭಾಗದಲ್ಲಿ ತಾಳವಿಲ್ಲದೆಯೂ ಲಯ ಓಡುವುದನ್ನು ನಾವು ಬಲ್ಲೆವು. ಆದರೆ ನಮ್ಮಲ್ಲಿ ಷಡ್ಜ ಎಂದೂ ಜೊತೆಗಿರುತ್ತದೆ. ಜಾಝ್ ವಾದಕನಿಗೆ ಆ ಆಸರೆಯಿಲ್ಲ. ಕಾಲ ಕೆಳಗಿನ ನೆಲ ಸರಿಯುತ್ತಲೇ ಇರುತ್ತದೆ, ಅದನ್ನು ಸರಿಸುವವನೂ ಆತನೇ. ಒಂದು ಪಲುಕು ಮುಗಿದು ಇನ್ನೊಂದು ತೊಡಗುವ ಮುನ್ನ ಉಳಿಯುವ ಮೌನದಲ್ಲಿ ಉಕ್ಕಿನ ತಂತಿಯ ಮೇಲೆ ಬೆರಳು ಉಜ್ಜಿದ ಸದ್ದು ಕೂಡ ಕೇಳುತ್ತದೆ.

ಎಂ.ಎ. ತರಗತಿಯಲ್ಲಿ ನಾವು ಬಾಮೊಲ್ ಮತ್ತು ಬೋವೆನ್ ಎಂಬ ಅರ್ಥಶಾಸ್ತ್ರಜ್ಞರ 1966ರ ಪುಸ್ತಕದ ವಾದವನ್ನು ಓದಿದ್ದೆವು. ಐದು ಮಂದಿ ಅರ್ಧ ಗಂಟೆ ನುಡಿಸಬೇಕಾದ ಕೃತಿಗೆ ಎರಡೂವರೆ ಮಾನವ ಗಂಟೆಗಳ ಶ್ರಮ ಬೇಕೇ ಬೇಕು. ಕಾರ್ಖಾನೆಯಲ್ಲಿ ಉತ್ಪಾದಕತೆ ಎಷ್ಟೇ ಏರಲಿ, ಇಲ್ಲಿ ಏರುವಂತಿಲ್ಲ, ಆದ್ದರಿಂದ ಕಲೆ ದಿನೇದಿನೇ ದುಬಾರಿಯಾಗುತ್ತದೆ ಎಂಬುದು ಅದರ ಸಾರ. ಈ ಆಲ್ಬಮ್ಮಿನ ಹಾಜರಿ ಪುಸ್ತಕದಲ್ಲಿ ಒಂದೇ ಹೆಸರು, ಬಹುತೇಕ ಒಂದೇ ರಾತ್ರಿ. ಇಷ್ಟು ಅಗ್ಗದ ಉತ್ಪಾದನೆ ಇನ್ನುಂಟೇ ಎನಿಸಬಹುದು. ಆದರೆ 1976ರ ಮೊದಲ ಆಲ್ಬಮ್ಮಿನಿಂದ ಆ ರಾತ್ರಿಯವರೆಗಿನ ಕಾಲು ಶತಮಾನದ ದುಡಿಮೆಯನ್ನು ಬಂಡವಾಳವೆಂದು ಲೆಕ್ಕಕ್ಕೆ ಹಿಡಿದರೆ ಮೊತ್ತ ಬೇರೆಯೇ ಆಗುತ್ತದೆ. ನನ್ನ ಪಿಟೀಲಿನ ಖಾತೆಯಲ್ಲಿ ಆ ಕಲಮಿನ ಎದುರು ಇರುವುದು ಸೊನ್ನೆ.

ಲೆಕ್ಕಪರಿಶೋಧಕನ ಕಣ್ಣಿನಿಂದ ನೋಡಿದರೆ ‘ಒಂದು ರಾತ್ರಿ’ ಎಂಬ ಹೇಳಿಕೆಗೂ ಒಂದು ಆಕ್ಷೇಪಣೆ ಉಂಟು. ಇದರಲ್ಲಿರುವ ‘ಡೋಂಟ್ ನೋ ವೈ’ ನೋರಾ ಜೋನ್ಸ್ ಕಂಠದಲ್ಲಿ ಜಗತ್ತಿಗೆ ತಿಳಿದದ್ದು 2002ರಲ್ಲಿ. ಹಾಗಾಗಿ ಕೆಲವು ರಚನೆಗಳನ್ನು 2003ರ ಜನವರಿಯಲ್ಲಿ ಸೇರಿಸಲಾಯಿತು. ಪಂಡಿತ್ ರವಿಶಂಕರರ ಮಗಳು ಹಾಡಿದ ಈ ಹಾಡನ್ನು ಮೆಥೆನಿ ಅಲಂಕಾರವಿಲ್ಲದೆ ನುಡಿಸಿದ್ದಾರೆ. ನನಗೆ ಅದು ತುಸು ಸಪ್ಪೆಯೆನಿಸಿತು. ಕೀತ್ ಜಾರೆಟ್ ಅವರ ‘ಮೈ ಸಾಂಗ್’ ಹಾಗಲ್ಲ. ಪಿಯಾನೊಗೆಂದು ಹುಟ್ಟಿದ ಆ ರಾಗ ಈ ಮಂದ್ರದ ತಂತಿಗಳಲ್ಲಿ ಇನ್ನೂ ಹೆಚ್ಚು ಬಿಚ್ಚಿಕೊಳ್ಳುತ್ತದೆ.

2004ರಲ್ಲಿ ಇದಕ್ಕೆ ಗ್ರ್ಯಾಮಿ ಬಂದದ್ದು ‘ನ್ಯೂ ಏಜ್’ ವಿಭಾಗದಲ್ಲಿ. ಜಾಝ್ ವಾದಕನ ಕೃತಿ ಬೇರೊಂದು ಲೆಕ್ಕಶೀರ್ಷಿಕೆಗೆ ಜಮೆಯಾದದ್ದನ್ನು ಕಂಡು ನನಗೆ ಆಶ್ಚರ್ಯವಾಗಲಿಲ್ಲ. ಸರ್ಕಾರದಲ್ಲಿ ಇದು ನಿತ್ಯದ ಸಂಗತಿ. 2011ರಲ್ಲಿ ಇದೇ ಬಗೆಯಲ್ಲಿ ಅವರು ಮಾಡಿದ ‘ವಾಟ್ಸ್ ಇಟ್ ಆಲ್ ಅಬೌಟ್’ಗೂ ಅದೇ ವಿಭಾಗದ ಪ್ರಶಸ್ತಿಯೇ ಬಂತು.

ಕೊನೆಯ ರಚನೆ ‘ಲಾಸ್ಟ್ ಟ್ರೇನ್ ಹೋಮ್’. 1987ರಲ್ಲಿ ತಂಡದೊಡನೆ ಇದನ್ನು ನುಡಿಸಿದಾಗ ಡ್ರಮ್ ಮೇಲಿನ ಬ್ರಶ್ ರೈಲಿನ ಓಟವನ್ನು ಹಿಡಿದಿತ್ತು. ಮೆಥೆನಿಯ ಕೈಯಲ್ಲಿದ್ದದ್ದು ಸಿತಾರಿನ ದನಿ ಹೊರಡಿಸುವ ವಿದ್ಯುತ್ ಗಿಟಾರ್. ಇಲ್ಲಿ ಅವೊಂದೂ ಇಲ್ಲ. ಬಲಗೈಯೇ ರೈಲು, ಅದೇ ಕೈ ಪ್ರಯಾಣಿಕ. ಈ ಆಲ್ಬಮ್ಮಿನಲ್ಲಿ ನಾನು ಅತಿ ಹೆಚ್ಚು ಸಲ ಕೇಳಿರುವುದು ಇದನ್ನೇ.

ಒಂದು ಸಂಶಯ ಮಾತ್ರ ಉಳಿದಿದೆ. ಯಾರಿಗೂ ಅಲ್ಲದೆ ನುಡಿಸಿದ್ದಾದರೆ ಮೈಕ್ ಏಕೆ ಹಚ್ಚಿಟ್ಟಿದ್ದರು? ಪರೀಕ್ಷಿಸೋಣವೆಂದು ನಾನೂ ಒಂದು ಸಂಜೆ ಮೊಬೈಲಿನಲ್ಲಿ ಧ್ವನಿಮುದ್ರಣ ಆರಂಭಿಸಿ, ಅದನ್ನು ಪಕ್ಕದಲ್ಲಿಟ್ಟುಕೊಂಡು ಮೋಹನ ವರ್ಣ ನುಡಿಸಿದೆ. ಎರಡನೇ ಸಾಲಿಗೇ ಬಿಲ್ಲು ಹಿಡಿದ ಕೈ ಬಿಗಿಯಾಯಿತು. ಮೇಲಧಿಕಾರಿ ಬಾಗಿಲಲ್ಲಿ ನಿಂತ ಹಾಗೆ. ಅಂಥ ಬಿಗಿ ಆ ಆಲ್ಬಮ್ಮಿನಲ್ಲಿ ಎಲ್ಲಾದರೂ ಸಿಕ್ಕೀತೆಂದು ಹುಡುಕುತ್ತಾ ಮತ್ತೆ ಮತ್ತೆ ಕೇಳಿದ್ದೇನೆ, ಸಿಕ್ಕಿಲ್ಲ. ಈಗ ಸಂಜೆ ನಾಲ್ಕಕ್ಕೆ ಮೊಬೈಲನ್ನು ಬೇರೆ ಕೋಣೆಯಲ್ಲಿಟ್ಟು ಅದೇ ವರ್ಣಕ್ಕೆ ಕೂರುತ್ತೇನೆ. ಮೊದಲ ಕಾಲ ಪರವಾಗಿಲ್ಲ. ಎರಡನೆಯದರಲ್ಲಿ ಬೆರಳು ಇನ್ನೂ ಎಡವುತ್ತದೆ.