ಅಮಾನತ್ತಿನಲ್ಲಿರುವ ಸರಕಾರಿ ನೌಕರನೂ ವಿಚಾರಣೆಯ ನ್ಯಾಯವೂ

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹೂವಿನ ಹಡಗಲಿ ಮತ್ತು ಹರಪನಹಳ್ಳಿ ಎಂಬ ಐದು ತಾಲ್ಲೂಕುಗಳು 2021ರಲ್ಲಿ ಬಳ್ಳಾರಿಯಿಂದ ಬೇರ್ಪಟ್ಟ ವಿಜಯನಗರ ಜಿಲ್ಲೆಗೆ ಸೇರಿವೆ. ಜಿಲ್ಲೆಯ ಕೇಂದ್ರ ಹೊಸಪೇಟೆ. ಇಲಾಖೆಗಳ ಮುಖ್ಯಸ್ಥರಿರುವುದು ಬಹುಮಟ್ಟಿಗೆ ಬೆಂಗಳೂರಿನಲ್ಲಿ. ಇಂತಹ ತಾಲ್ಲೂಕಿನಲ್ಲಿ ಒಬ್ಬ ಗುಮಾಸ್ತನೋ ಶಿಕ್ಷಕನೋ ಅಮಾನತ್ತಾದನೆಂದರೆ ಸಂತೆ ಮುಗಿಯುವುದರೊಳಗೆ ಸುದ್ದಿ ಊರೆಲ್ಲ ಹಬ್ಬುತ್ತದೆ. ಅವನು ತಪ್ಪಿತಸ್ಥನೆಂಬ ತೀರ್ಮಾನವೂ ಅದರ ಬೆನ್ನಿಗೇ ಹೊರಡುತ್ತದೆ. ಕಾನೂನಿನ ದೃಷ್ಟಿ ಹಾಗಿಲ್ಲ. ಆ ದೃಷ್ಟಿ ಎಂತಹುದು, ಆಚರಣೆಯಲ್ಲಿ ಅದು ಎಲ್ಲಿ ಕುಂದುತ್ತದೆ ಎಂಬುದನ್ನು ಇಲ್ಲಿ ಪರಿಶೀಲಿಸುತ್ತೇವೆ.

ಅಮಾನತ್ತು ಶಿಕ್ಷೆಯಲ್ಲ. ನೌಕರನು ದಾಖಲೆಗಳನ್ನು ತಿದ್ದದಂತೆ, ಸಾಕ್ಷಿಗಳ ಮೇಲೆ ಪ್ರಭಾವ ಬೀರದಂತೆ ಅವನನ್ನು ಕೆಲಸದಿಂದ ತಾತ್ಕಾಲಿಕವಾಗಿ ದೂರವಿಡುವ ಕ್ರಮವಷ್ಟೆ. ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು, 1957, ಇವುಗಳ 10ನೆಯ ನಿಯಮವು ಈ ಅಧಿಕಾರವನ್ನು ಕೊಡುತ್ತದೆ. 48 ಗಂಟೆಗಳಿಗೂ ಮೀರಿ ಬಂಧನದಲ್ಲಿದ್ದ ನೌಕರನು ಅಮಾನತ್ತಾದನೆಂದೇ ಭಾವಿಸಲ್ಪಡುತ್ತಾನೆ. ಈ ಅವಧಿಯಲ್ಲಿಯೂ ಅವನು ನೌಕರನೇ; ಮಾಲೀಕ ಮತ್ತು ಸೇವಕರ ಸಂಬಂಧ ಕಡಿದುಹೋಗುವುದಿಲ್ಲ.

ಶಿಕ್ಷೆಯ ಮಾತು ಬಂದಾಗ ಸಂವಿಧಾನದ 311ನೆಯ ಅನುಚ್ಛೇದ ಅಡ್ಡ ನಿಲ್ಲುತ್ತದೆ. ಕೆಲವು ಅಪವಾದಗಳನ್ನು ಬಿಟ್ಟರೆ, ಆಪಾದನೆಗಳನ್ನು ತಿಳಿಸಿ, ಉತ್ತರ ಹೇಳಲು ಸಮಂಜಸವಾದ ಅವಕಾಶ ಕೊಟ್ಟು ವಿಚಾರಣೆ ನಡೆಸದೆ ಯಾರನ್ನೂ ವಜಾ ಮಾಡಲು, ಸೇವೆಯಿಂದ ತೆಗೆಯಲು ಅಥವಾ ಕೆಳದರ್ಜೆಗೆ ಇಳಿಸಲು ಬಾರದು. ಮೇಲೆ ಹೇಳಿದ ನಿಯಮಗಳ ಪೈಕಿ 11ನೆಯದು ಇದರ ಕ್ರಮವನ್ನು ವಿವರಿಸುತ್ತದೆ: ದೋಷಾರೋಪಣ ಪಟ್ಟಿ, ಸಾಕ್ಷಿಗಳ ಮತ್ತು ದಾಖಲೆಗಳ ಪಟ್ಟಿ, ಲಿಖಿತ ಹೇಳಿಕೆ, ಪಾಟೀಸವಾಲು, ಮತ್ತೊಬ್ಬ ನೌಕರನ ನೆರವು. ವಿಚಾರಣಾ ವರದಿಯ ಪ್ರತಿಯನ್ನು ನೌಕರನಿಗೆ ಕೊಟ್ಟು ಅವನ ಮಾತು ಕೇಳಿದ ಮೇಲೆಯೇ ತೀರ್ಮಾನಕ್ಕೆ ಬರತಕ್ಕದ್ದೆಂದು ಸರ್ವೋಚ್ಚ ನ್ಯಾಯಾಲಯವು 1993ರಲ್ಲಿ ಸ್ಪಷ್ಟಪಡಿಸಿತು.

ಆದರೆ ಅವಕಾಶವೆಂಬುದು ಕಾಗದದಲ್ಲಿ ಇದ್ದರೆ ಸಾಲದು. ಅದನ್ನು ಬಳಸುವ ಶಕ್ತಿಯೂ ನೌಕರನಿಗೆ ಉಳಿದಿರಬೇಕು. ನಮ್ಮ ರಾಜ್ಯದ ಕೋಲಾರ ಚಿನ್ನದ ಗಣಿಯ ಪ್ರಕರಣವೊಂದು ಇದನ್ನು ಮನಗಾಣಿಸುತ್ತದೆ. ಕೇಂದ್ರ ಸರಕಾರದ ಒಡೆತನದ ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯ ಭದ್ರತಾಧಿಕಾರಿಯೊಬ್ಬರು 1985ರಲ್ಲಿ ಅಮಾನತ್ತಾದರು. ಜೀವನಾಧಾರ ಭತ್ಯೆ ಅವರ ಕೈಸೇರಲಿಲ್ಲ. ಕೇರಳದ ತಮ್ಮ ಊರಿನಿಂದ ವಿಚಾರಣೆಗೆ ಬರಲು ಹಣವಿರಲಿಲ್ಲ, ಆರೋಗ್ಯವೂ ಕೆಟ್ಟಿತ್ತು. ವಿಚಾರಣೆ ಏಕಪಕ್ಷೀಯವಾಗಿ ನಡೆದು 1986ರಲ್ಲಿ ಅವರು ವಜಾ ಆದರು. 1987ರಲ್ಲಿ ಕ್ರಿಮಿನಲ್ ನ್ಯಾಯಾಲಯ ಅವರನ್ನು ಬಿಡುಗಡೆ ಮಾಡಿತು. 1999ರಲ್ಲಿ ಸರ್ವೋಚ್ಚ ನ್ಯಾಯಾಲಯವು ವಿಚಾರಣೆಯನ್ನು ತಳ್ಳಿಹಾಕಿ ಅವರನ್ನು ಮರಳಿ ಕೆಲಸಕ್ಕೆ ಸೇರಿಸುವಂತೆ ಆಜ್ಞಾಪಿಸಿತು. ಮಧ್ಯಪ್ರದೇಶದ ಅರಣ್ಯ ಇಲಾಖೆಯ ನೌಕರನೊಬ್ಬನ ಪ್ರಕರಣದಲ್ಲಿ 1973ರಲ್ಲಿಯೇ ನ್ಯಾಯಾಲಯ ಇದೇ ತತ್ತ್ವವನ್ನು ಹೇಳಿತ್ತು: ಹೊಟ್ಟೆಗೆ ಇಲ್ಲದವನನ್ನು ದೂರದ ಊರಿಗೆ ಕರೆದು ‘ಅವಕಾಶ ಕೊಟ್ಟೆವು’ ಎನ್ನುವುದು ನ್ಯಾಯವಲ್ಲ.

ಇನ್ನೊಂದು ಪ್ರಶ್ನೆ ಕಾಲದ್ದು. ಶಿಕ್ಷೆಯಲ್ಲದ ಅಮಾನತ್ತು ವರ್ಷಗಟ್ಟಲೆ ಮುಂದುವರಿದರೆ ಶಿಕ್ಷೆಯೇ ಆಗುತ್ತದೆ. ಮೂರು ತಿಂಗಳೊಳಗೆ ದೋಷಾರೋಪಣ ಪಟ್ಟಿ ಕೊಡದಿದ್ದಲ್ಲಿ ಅಮಾನತ್ತನ್ನು ಮುಂದುವರಿಸಬಾರದು, ಕೊಟ್ಟಿದ್ದಲ್ಲಿ ಕಾರಣಸಹಿತ ಆದೇಶದಿಂದಲೇ ವಿಸ್ತರಿಸಬೇಕು ಎಂದು ಅದೇ ನ್ಯಾಯಾಲಯ 2015ರಲ್ಲಿ ಹೇಳಿತು.

ಹೀಗೆಂದರೆ ತಪ್ಪು ಮಾಡಿದವನಿಗೆ ರಕ್ಷಣೆ ಒದಗಿಸಿದಂತಾಗುವುದಿಲ್ಲವೇ ಎಂದು ಕೆಲವರು ಕೇಳಬಹುದು. ನಮ್ಮ ಅಭಿಪ್ರಾಯದಲ್ಲಿ ಸಂಗತಿ ಇದಕ್ಕೆ ವಿರುದ್ಧವಾದುದು. ಪಹಣಿಗಾಗಿಯೋ ಪಿಂಚಣಿಗಾಗಿಯೋ ಅಲೆದು ಲಂಚ ಕೇಳಿಸಿಕೊಂಡ ಹಡಗಲಿಯ ರೈತನು ಧೈರ್ಯಮಾಡಿ ದೂರು ಕೊಟ್ಟನೆಂದು ಭಾವಿಸೋಣ. ಸಾಕ್ಷಿಯ ಪ್ರತಿ ಕೊಡಲಿಲ್ಲ, ಪಾಟೀಸವಾಲಿಗೆ ಬಿಡಲಿಲ್ಲ, ಭತ್ಯೆ ಪಾವತಿಸಲಿಲ್ಲವೆಂಬ ಕಾರಣದಿಂದ ಶಿಕ್ಷೆ ಬಿದ್ದುಹೋದರೆ ಆ ರೈತನ ಸತ್ಯವೂ ಅದರೊಡನೆ ಬಿದ್ದುಹೋಗುತ್ತದೆ. ಕ್ರಮ ತಪ್ಪಿದ ವಿಚಾರಣೆ ನಿರ್ದೋಷಿಯನ್ನು ನೋಯಿಸುತ್ತದೆ, ದೋಷಿಯನ್ನು ಉಳಿಸುತ್ತದೆ.

ಆದುದರಿಂದ ಈ ಐದು ತಾಲ್ಲೂಕುಗಳಂತಹ ಸ್ಥಳಗಳಲ್ಲಿ ಮೂರು ಸಂಗತಿಗಳು ಮುಖ್ಯವೆಂದು ತೋರುತ್ತದೆ. ಭತ್ಯೆ ತಿಂಗಳು ತಿಂಗಳಿಗೆ ಸಲ್ಲಬೇಕು. ಸಾಕ್ಷಿಗಳೂ ದಾಖಲೆಗಳೂ ಇರುವ ಊರಿನ ಸಮೀಪದಲ್ಲಿಯೇ ವಿಚಾರಣೆ ನಡೆಯಬೇಕು. ನೌಕರನಿಗೆ ಕೊಡುವ ಪ್ರತಿ ಕಾಗದಕ್ಕೂ ದಿನಾಂಕಸಹಿತ ಸ್ವೀಕೃತಿ ಇರಬೇಕು. ಇವು ದೊಡ್ಡ ಸುಧಾರಣೆಗಳಲ್ಲ. ಆದರೆ ಇವುಗಳಿಲ್ಲದೆ 311ನೆಯ ಅನುಚ್ಛೇದವು ಹೊಸಪೇಟೆಯ ಕಡತದಲ್ಲಿ ಉಳಿಯುವುದೇ ಹೊರತು ಕೂಡ್ಲಿಗಿಯ ನೌಕರನ ಮನೆಬಾಗಿಲನ್ನು ಮುಟ್ಟಲಾರದು.